ನಾಯಕಿಯ ಪಕ್ಕದವಳು

ಎಳ್ಳೆಣ್ಣೆ ಗಾಣದ ಅಜ್ಜಿಯ ಬೆನ್ನಿನ ಬಲಭಾಗ ಮುಗಿದಿತ್ತು, ಎಡಭಾಗ ಬಾಕಿ ಇತ್ತು. ಊರ ಹೆಂಗಸರೆಲ್ಲ ಬಂದು ಮೀಯುವ ಸಾರ್ವಜನಿಕ ಸ್ನಾನದ ಮನೆಯಲ್ಲಿ ಮೈ ಉಜ್ಜುತ್ತಿದ್ದ ಮಾಲ್ಸೂನ್ ಒರಟು ಕೈಗವಸನ್ನು ಬಕೆಟ್ಟಿನ ಬಿಸಿನೀರಿಗೆ ಅದ್ದಿ, ಹಿಂಡಿ, ಮತ್ತೆ ಹಾಕಿಕೊಂಡಳು. ಹೆಗಲಿನಿಂದ ಸೊಂಟದವರೆಗೆ ಒಂದೇ ಎಳೆತ. ಅಂಗೈ ಪೂರ್ತಿ ಕೂರಬೇಕು, ಬೆರಳಿನ ತುದಿಗೆ ಬಲ ಹೋಗಬಾರದು. ಬೂದುಬಣ್ಣದ ಕೊಳೆ ಸಣ್ಣ ಶಾವಿಗೆಯ ಹಾಗೆ ಸುರುಳಿ ಸುತ್ತಿಕೊಂಡು ಏಳತೊಡಗಿದಾಗ ಅವಳಿಗೆ ಹೇಳತೀರದ ಖುಷಿಯಾಯಿತು. ಮೊದಲ ವಾರ ಹೀಗೆ ಏಳುತ್ತಿರಲಿಲ್ಲ, ಮೈ ಕೆಂಪಾಗಿ ಗಿರಾಕಿಗಳು ಬೈಯುತ್ತಿದ್ದರು.

ಅಜ್ಜಿ ಈವತ್ತೂ ಬೈಯುತ್ತಿದ್ದಳು. ಆದರೆ ಬೈಗುಳ ಮೈ ಉಜ್ಜುವವಳಿಗಲ್ಲ. ಹೊರಗೆ ಬಟ್ಟೆ ಬದಲಿಸುವ ಹಾಲಿನಲ್ಲಿ ಟಿವಿ ಇತ್ತು. ಬೆಳಗಿನ ಧಾರಾವಾಹಿ ಮುಗಿಸಿಕೊಂಡೇ ಅವಳು ಒಳಗೆ ಬಂದಿದ್ದಳು. ಈವತ್ತಿನ ಕಂತಿನಲ್ಲಿ ಶ್ರೀಮಂತರ ಮನೆಯ ಅತ್ತೆ, ಸೊಸೆ ತನ್ನ ಹುಟ್ಟುಹಬ್ಬಕ್ಕೆ ತಾನೇ ಮಾಡಿಕೊಂಡಿದ್ದ ಕಡಲಪಾಚಿಯ ಸಾರನ್ನು ನಾಯಿಯ ಬಟ್ಟಲಿಗೆ ಸುರಿದುಬಿಟ್ಟಿದ್ದಳು.

"ಆ ಹಾಳು ಮುದುಕಿ ಕೈಗೆ ಸಿಗ್ಲಿ," ಎಂದಳು ಅಜ್ಜಿ, ಕೆನ್ನೆಯನ್ನು ಮೇಜಿಗೆ ಒತ್ತಿಕೊಂಡೇ. "ಇದೇ ಮೇಜಿನ ಮೇಲೆ ಮಲಗ್ಸಿ ಉಪ್ಪು ಹಾಕಿ ಉಜ್ಜಿಬಿಡ್ತೀನಿ."

"ಉಪ್ಪು ಸಾಲಲ್ಲ ಅಜ್ಜಿ. ಮೆಣಸಿನಪುಡಿನೂ ಬೆರೆಸ್ಬೇಕು."

"ನೋಡು, ನಿನಗೆ ನ್ಯಾಯ ಗೊತ್ತು."

ಟಿವಿಯಲ್ಲಿ ಆ ಹಾಳು ಮುದುಕಿಯ ಪಾತ್ರ ಮಾಡಿದವಳು ಮಾಲ್ಸೂನಳೇ. ಅಜ್ಜಿಯ ಸೊಂಟಕ್ಕೆ ಪಟಪಟನೆ ಎರಡು ಏಟು ಕೊಟ್ಟಳು. ಮಗ್ಗುಲು ಬದಲಿಸು ಎಂಬುದಕ್ಕೆ ಸ್ನಾನದ ಮನೆಗಳಲ್ಲಿ ಅದೇ ಭಾಷೆ. ಅಜ್ಜಿ ಮೀನಿನ ಹಾಗೆ ಜಾರಿ ಅಂಗಾತ ಮಲಗಿ, ಮೇಲಿಂದ ಬಗ್ಗಿದ್ದ ಮುಖವನ್ನೇ ನೋಡುತ್ತಾ ಅದೇ ಅತ್ತೆಗೆ ಇನ್ನಷ್ಟು ಶಾಪ ಹಾಕಿದಳು. ಗುರುತು ಹತ್ತಲಿಲ್ಲ. ಟಿವಿಯಲ್ಲಿ ರೇಷ್ಮೆ, ಮುತ್ತು, ಮೂಗಿನಿಂದ ಬರುವ ತೆಳ್ಳನೆಯ ದನಿ. ಇಲ್ಲಿ ಕಪ್ಪು ಒಳಉಡುಪು, ನೆತ್ತಿಯ ಮೇಲೆ ರಬ್ಬರ್ ಬ್ಯಾಂಡಿನ ತುರುಬು, ಹಬೆಗೆ ಊದಿದ ಮೂಗು.

ಪ್ಯೊ ಮಾಲ್ಸೂನಳಿಗೆ ಐವತ್ತೆಂಟು ವರ್ಷ. ನಾಲ್ಕು ಹೆಣ್ಣುಗಳಾದ ಮೇಲೆ ಹುಟ್ಟಿದವಳು. ಇವಳೇ ಕೊನೆಯ ಹೆಣ್ಣಾಗಲಿ ಎಂದು ಅಪ್ಪ ಹಾರೈಸಿ ಇಟ್ಟ ಹೆಸರು ಅದು. ನಮ್ಮಲ್ಲಿ ಸಾಕಮ್ಮ ಎಂದು ಇಡುವ ಹಾಗೆ. ದೇವರು ಆ ಅರ್ಜಿಯನ್ನು ನೋಡಲೇ ಇಲ್ಲ, ಅವಳ ಬೆನ್ನಿಗೆ ಮತ್ತಿಬ್ಬರು ತಂಗಿಯರು ಬಂದರು. ಸಿನಿಮಾಕ್ಕೆ ಸೇರಿದಾಗ ಹೆಸರು ಬದಲಿಸು ಎಂದವರಿಗೆಲ್ಲ ಅವಳು, ನನ್ನ ಪಾತ್ರಗಳಿಗೆ ಹೇಗೂ ಹೆಸರೇ ಇರುವುದಿಲ್ಲ, ನನಗಾದರೂ ಇರಲಿ ಬಿಡಿ ಎಂದಿದ್ದಳು. ಅದು ನಿಜವೂ ಆಗಿತ್ತು. ನಾಯಕಿಯ ತಾಯಿ, ನಾಯಕಿಯ ಅತ್ತೆ, ನಾಯಕಿಯ ಮನೆ ಮಾಲೀಕಳು, ನಾಯಕಿಗೆ ಕೆಟ್ಟ ಸುದ್ದಿ ತರುವ ನರ್ಸು. ಮೂವತ್ತು ವರ್ಷ ಅವಳು ನಾಯಕಿಯ ಪಕ್ಕ ನಿಂತಿದ್ದಳು.

ನಿಂತದ್ದು ಸುಮ್ಮನೆ ಅಲ್ಲ. ಯಾವ ಕೆಲಸವನ್ನೂ ಕೈಯಾರೆ ಮಾಡಿ ನೋಡದೆ ಅವಳು ನಟಿಸುತ್ತಿರಲಿಲ್ಲ. ಮೀನುಗಾರ್ತಿಯ ಪಾತ್ರಕ್ಕೆಂದು ಪೋಹಾಂಗಿನ ಬಂದರಿಗೆ ಹೋಗಿ ಸ್ಕ್ವಿಡ್ ಮೀನಿನ ಹೊಟ್ಟೆ ಸೀಳುವುದನ್ನು ಕಲಿತಳು. ಅವಳ ಕೈಚಳಕ ನೋಡಿದ ಅಲ್ಲಿನ ಧಣಿ ತನ್ನ ವಿಧುರ ತಮ್ಮನಿಗೆ ಇವಳನ್ನು ತಂದುಕೊಳ್ಳಲು ಮಾತೆತ್ತಿದ. ಸನ್ಯಾಸಿನಿಯ ಪಾತ್ರಕ್ಕೆಂದು ಬೆಟ್ಟದ ಮೇಲಿನ ಮಠದಲ್ಲಿ ಇದ್ದಳು. ಇವತ್ತಲ್ಲ ನಾಳೆ ಮರಳಿ ಬರುತ್ತಾಳೆಂದು ಅಲ್ಲಿನ ಹಿರಿಯಮ್ಮ ಈಗಲೂ ಪ್ರತಿ ಚಳಿಗಾಲ ಒಣಗಿಸಿದ ಪರ್ಸಿಮನ್ ಹಣ್ಣು ಕಳಿಸುತ್ತಾರೆ. ಮೈಮೇಲೆ ದೇವರು ಬರುವ ಪೂಜಾರಿಣಿಯ ಪಾತ್ರಕ್ಕೆ ಮನೆಯಲ್ಲಿ ಕುಣಿತ ಅಭ್ಯಾಸ ಮಾಡಿದಾಗ ಮೇಲಿನ ಮಹಡಿಯವಳು ಅಕ್ಕಿ ತಂದಿಟ್ಟು, ಮಗನ ಪರೀಕ್ಷೆಯ ಬಗ್ಗೆ ಕೇಳಿದಳು. ಮಾಲ್ಸೂನ್ ಬಾಯಿಗೆ ಬಂದದ್ದು ಹೇಳಿದಳು. ಹುಡುಗ ಪಾಸಾದ.

ಹೀಗೆ ಎಲ್ಲರ ಹಾಗೂ ಇದ್ದುದರಿಂದ ಅವಳು ಯಾರಿಗೂ ನಟಿಯೆಂದು ಹೊಳೆಯುತ್ತಿರಲಿಲ್ಲ. ಆದರೆ ಎಲ್ಲರಿಗೂ ಎಲ್ಲೋ ಕಂಡ ಪರಿಚಿತಳು. ಮೆಟ್ರೋದಲ್ಲಿ ಕಂಡವರು ನಿಮ್ಮ ಮಂಡಿನೋವು ಹೇಗಿದೆ ಎಂದು ಕೇಳುತ್ತಿದ್ದರು, ಈಗ ಪರವಾಗಿಲ್ಲ ಎಂದು ಇವಳೂ ಹೇಳುತ್ತಿದ್ದಳು. ಒಬ್ಬಳಂತೂ ರಸ್ತೆಯಲ್ಲೇ ನಿಲ್ಲಿಸಿ, ಹೋದ ವರ್ಷ ಒಯ್ದ ಕಿಮ್ಚಿ ಉಪ್ಪಿನಕಾಯಿಯ ಡಬ್ಬ ಇನ್ನೂ ವಾಪಸು ಕೊಟ್ಟಿಲ್ಲವಲ್ಲ ಎಂದು ತರಾಟೆಗೆ ತೆಗೆದುಕೊಂಡಿದ್ದಳು. ಮಾಲ್ಸೂನ್ ಕ್ಷಮೆ ಕೇಳಿದ್ದಳು.

ಈ ವಸಂತದಲ್ಲಿ ನಿರ್ದೇಶಕಿ ಸೋರಾ ಒಂದು ಬುಟ್ಟಿ ಪೇರು ಹಣ್ಣು ಹೊತ್ತುಕೊಂಡು ಮನೆಗೆ ಬಂದಳು. ಜೊತೆಗೊಂದು ಚಿತ್ರಕತೆ. ಸ್ನಾನದ ಮನೆಯಲ್ಲಿ ಮೈ ಉಜ್ಜುವ ಹೆಂಗಸಿನ ಕತೆ, ಮೊದಲ ದೃಶ್ಯದಿಂದ ಕೊನೆಯ ದೃಶ್ಯದವರೆಗೆ ಅವಳದೇ. ನಿಮಗೆಂದೇ ಬರೆದದ್ದು ಮೇಡಂ ಎಂದು ಸೋರಾ ಸೊಂಟ ಬಗ್ಗಿಸಿ ನಮಸ್ಕರಿಸಿ ಹೋದಳು. ಮಾಲ್ಸೂನ್ ಅಡುಗೆಮನೆಯಲ್ಲಿ ನಿಂತೇ ಓದಿದಳು. ಅನ್ನ ಸೀದಿತು. ಪುಟ ತಿರುಗಿಸಿದರೆ ಅಲ್ಲೂ ಅವಳೇ, ಮತ್ತೊಂದು ತಿರುಗಿಸಿದರೆ ಅಲ್ಲೂ. ಇಷ್ಟು ವರ್ಷ ತನಗೆ ಇಂಥದ್ದು ಬೇಕಿತ್ತು ಎನ್ನುವುದು ಅವಳಿಗೆ ಆಗಲೇ ತಿಳಿದದ್ದು. ತಿಳಿದು ನಾಚಿಕೆಯಾಯಿತು, ಗಂಡನಿಗೂ ಹೇಳಲಿಲ್ಲ. ಸೀದ ಅನ್ನಕ್ಕೆ ನೀರು ಹಾಕಿ ಕುದಿಸಿ, ಇಬ್ಬರೂ ಕುಡಿದರು.

ಮಾರನೆಯ ದಿನವೇ ಇಂಚೋನ್ ನಗರದ ಬುಪ್ಯೊಂಗ್ ಬಡಾವಣೆಗೆ ಬಂದು, ಮಾರುಕಟ್ಟೆಯ ಹಿಂದಿನ ಈ ಹಳೆಯ ಸ್ನಾನದ ಮನೆಯಲ್ಲಿ ಕ್ವಾಕ್ ಅಕ್ಕನನ್ನು ಹಿಡಿದಳು. ಕ್ವಾಕ್ ಅಕ್ಕ ಇಲ್ಲಿ ಮೈ ಉಜ್ಜುವವರ ಹಿರಿಯಳು, ತೋಳುಗಳು ಒರಳುಕಲ್ಲಿನ ಹಾಗಿವೆ. ನಾನೊಬ್ಬ ಸಣ್ಣ ನಟಿ, ಸಿನಿಮಾಕ್ಕಾಗಿ ಕೆಲಸ ಕಲಿಯಬೇಕು ಎಂದಾಗ ಆಕೆ ಮೇಲಿಂದ ಕೆಳಗೆ ನೋಡಿ ನಿಟ್ಟುಸಿರು ಬಿಟ್ಟಳು. ಈ ವಯಸ್ಸಿನಲ್ಲಿ ಮೈ ಉಜ್ಜಲು ಬಂದಿದ್ದಾಳೆಂದರೆ ಗಂಡನ ವ್ಯಾಪಾರ ಮುಳುಗಿದೆ, ಮರ್ಯಾದೆಗೆ ಸಿನಿಮಾ ಎನ್ನುತ್ತಿದ್ದಾಳೆ, ಅಷ್ಟೆ. ಪಾಪ ಎಂದುಕೊಂಡು ಒಂದು ಮಾತೂ ಕೆದಕಲಿಲ್ಲ. ಕೆಲಸ ಕಲಿಸಿದಳು, ಒಳ್ಳೆಯ ಗಿರಾಕಿಗಳನ್ನು ಇವಳ ಕಡೆಗೇ ತಳ್ಳಿದಳು, ಮಧ್ಯಾಹ್ನ ಬೇಯಿಸಿದ ಮೊಟ್ಟೆಯನ್ನು ಯಾರೂ ನೋಡದಂತೆ ಇವಳ ಕೈಗೆ ತುರುಕಿದಳು. ಮಾಲ್ಸೂನಳಿಗೆ ಈ ತಪ್ಪುಕಲ್ಪನೆ ಎಷ್ಟು ಇಷ್ಟವಾಯಿತೆಂದರೆ, ಕೆಲವು ಸಲ ಇಲ್ಲದ ನಷ್ಟವನ್ನು ನೆನೆದು ತಾನೂ ನಿಟ್ಟುಸಿರು ಬಿಡುತ್ತಿದ್ದಳು.

ನಿನ್ನೆ ಸೋರಾಳ ಫೋನ್ ಬಂದಿತ್ತು. ದನಿಯನ್ನು ಹತ್ತಿಯಲ್ಲಿ ಸುತ್ತಿ ಕಳಿಸಿದ ಹಾಗಿತ್ತು. ಹಣ ಹಾಕುವವರು ಆ ಪಾತ್ರಕ್ಕೆ ಹೆಸರಾಂತ ತಾರೆ ಚಾ ಹ್ಯೇರಿನಳನ್ನು ಕೇಳಿದ್ದಾರೆ, ಆಕೆ ಶನಿವಾರ ಸಂಜೆಯೊಳಗೆ ಉತ್ತರ ಕೊಡುತ್ತಾಳೆ. ಒಂದು ವೇಳೆ ಒಪ್ಪಿದರೆ, ಪಕ್ಕದ ಮೇಜಿನ ಕೆಲಸದವಳ ಪಾತ್ರ ಇದೆ ಮೇಡಂ, ತಮಾಷೆಯೆಲ್ಲ ಅವಳದೇ. ಮಾಲ್ಸೂನಳ ಬಾಯಿ ಅಭ್ಯಾಸಬಲದಿಂದ, ಅಯ್ಯೋ ಅದೇ ಚೆನ್ನಾಗಿದೆ ಬಿಡಮ್ಮ ಎಂದಿತು. ಫೋನ್ ಇಟ್ಟ ಮೇಲೆ ಇನ್ನು ಸ್ನಾನದ ಮನೆಗೆ ಹೋಗುವ ಕಾರಣವೇ ಇರಲಿಲ್ಲ. ಆದರೂ ಈ ಬೆಳಿಗ್ಗೆ ಕಾಲು ಅಲ್ಲಿಗೇ ತಂದು ನಿಲ್ಲಿಸಿತ್ತು.

ಅಜ್ಜಿಗೆ ನೀರು ಸುರಿದು ಎಬ್ಬಿಸುವಷ್ಟರಲ್ಲಿ ಬಾಗಿಲ ಬಳಿ ಗದ್ದಲವಾಯಿತು. ಬಿಸಿನೀರಿನ ತೊಟ್ಟಿಯಲ್ಲಿದ್ದ ಹೆಂಗಸರೆಲ್ಲ ಒಟ್ಟಿಗೆ ಕತ್ತು ಎತ್ತಿದರು. ಒಬ್ಬಳು ಒಳಗೆ ಬಂದಿದ್ದಳು. ಎಲ್ಲರೂ ಬರಿಮೈಯಲ್ಲಿ ನಿಶ್ಚಿಂತೆಯಿಂದ ಕೂತಿರುವ ಜಾಗಕ್ಕೆ, ಗಲ್ಲದಿಂದ ಮಂಡಿಯವರೆಗೆ ಮೂರು ಟವೆಲ್ಲು ಸುತ್ತಿಕೊಂಡು, ಮುಖಕ್ಕೆ ಮಾಸ್ಕು, ಕಣ್ಣಿಗೆ ಕಪ್ಪು ಕನ್ನಡಕ ಹಾಕಿಕೊಂಡು. ಕನ್ನಡಕ ಹಬೆಗೆ ಬೆಳ್ಳಗಾಗಿ ಅವಳಿಗೆ ದಾರಿಯೇ ಕಾಣುತ್ತಿರಲಿಲ್ಲ. ಯಾರಿಗೂ ಗುರುತು ಸಿಗಬಾರದೆಂದು ಇಷ್ಟೆಲ್ಲ ಮಾಡಿದ್ದರಿಂದಲೇ ಇಡೀ ಸ್ನಾನದ ಮನೆಗೆ ಆಕೆ ಚಾ ಹ್ಯೇರಿನ್ ಎಂದು ಒಂದೇ ಉಸಿರಿಗೆ ತಿಳಿದುಹೋಯಿತು.

ಈ ಸ್ನಾನದ ಮನೆಯ ಹೆಸರನ್ನು ಸೋರಾಳಿಗೆ ಕೊಟ್ಟವಳು ಮಾಲ್ಸೂನಳೇ. ಕೆಲಸ ಹೇಗಿರುತ್ತದೆಂದು ಒಮ್ಮೆ ನೋಡಿ ಬನ್ನಿ ಎಂದು ಸೋರಾಳ ಆಫೀಸಿನವರು ತಾರೆಯನ್ನು ಇಲ್ಲಿಗೇ ಕಳಿಸಿದ್ದರು.

ಕ್ವಾಕ್ ಅಕ್ಕ ಓಡಿಬಂದು ಮಾಲ್ಸೂನಳ ಕಿವಿ ಹಿಡಿದಳು. "ಯಾವ್ದೋ ಸಿನಿಮಾಕ್ಕೆ ಕೆಲಸ ನೋಡೋಕೆ ಬಂದಿದ್ದಾಳೆ. ನಿನ್ನ ಮೇಜಿಗೇ ಕಳಿಸ್ತೀನಿ. ಚೆನ್ನಾಗಿ ಉಜ್ಜಿ, ಮೆಲ್ಲಗೆ ನಿನ್ನ ವಿಷಯ ಹೇಳು. ಹೆಣದ ಪಾತ್ರನಾದ್ರೂ ಕೊಡಿಸ್ತಾಳೆ. ನಾಚ್ಕೋಬೇಡ."

"ಹೆಣದ ಪಾತ್ರ ಮಾಡಿದ್ದೀನಿ ಅಕ್ಕ."

"ಮತ್ತೆ? ಅನುಭವ ಇದೆ ಅಂತ ಹೇಳು."

ಹ್ಯೇರಿನ್ ಮೇಜಿನ ಮೇಲೆ ಬೋರಲು ಮಲಗಿದಳು. ಮಾಸ್ಕು ಕನ್ನಡಕ ತೆಗೆದು ಮಾಲ್ಸೂನಳ ಮುಖವನ್ನು ನೇರ ನೋಡಿ, ಸ್ವಲ್ಪ ಮೆತ್ತಗೆ ಉಜ್ಜಿ ಚಿಕ್ಕಮ್ಮ ಎಂದಳು. ಇಬ್ಬರಿಗೂ ಹತ್ತು ವರ್ಷದ ಅಂತರವೂ ಇಲ್ಲ. ಮಾಲ್ಸೂನ್ ಇವಳಿಗೆ ಎರಡು ಸಿನಿಮಾದಲ್ಲಿ ತಾಯಿಯಾಗಿದ್ದಳು, ಒಂದರಲ್ಲಿ ಅತ್ತೆ. ಒಂದರಲ್ಲಿ ಇವಳ ತೊಡೆಯ ಮೇಲೆ ತಲೆಯಿಟ್ಟು ಸತ್ತಿದ್ದಳು. ಈಗ ಹ್ಯೇರಿನಳಿಗೆ ಗುರುತೇ ಹತ್ತಲಿಲ್ಲ. ಅವಮಾನವಾಗಬೇಕಿತ್ತು, ಆಗುವ ಬದಲು ಹೊಟ್ಟೆಯೊಳಗಿಂದ ನಗು ಗುಳುಗುಳು ಎಂದು ಏಳತೊಡಗಿತು. ತುಟಿ ಕಚ್ಚಿಕೊಂಡು ಕೈಗವಸು ಹಾಕಿದಳು.

ಕೈಗವಸಿನ ಕೆಳಗೆ ಬೆನ್ನು ಬಿಗಿದುಕೊಂಡಿತ್ತು. ಉಜ್ಜುವ ಕೈಗೆ ಜನ ಎಲ್ಲವನ್ನೂ ಹೇಳಿಬಿಡುತ್ತಾರೆ, ಮುಖ ಕಾಣುವುದಿಲ್ಲವಲ್ಲ. ಹ್ಯೇರಿನ್ ಕೂಡ ಹೇಳಿದಳು. ಅನ್ನ ತಿಂದು ಎಷ್ಟೋ ವರ್ಷವಾಯಿತಂತೆ. ಈ ಸಿನಿಮಾದಲ್ಲಿ ಮೇಕಪ್ ಇಲ್ಲದೆ, ಹೊಟ್ಟೆ ಒಳಗೆಳೆದುಕೊಳ್ಳದೆ ಇರಬೇಕಂತೆ. ಯೋಚಿಸಿದರೆ ನಿದ್ದೆ ಬರುವುದಿಲ್ಲ. ಬೇಡ ಎನ್ನಲೂ ಭಯ. ಬೇಡ ಎಂದರೆ, ಚಾ ಹ್ಯೇರಿನ್ ಕೈಯಲ್ಲಿ ಆಗಲಿಲ್ಲ ಎನ್ನುತ್ತಾರೆ.

"ನಾನು ಬಿಟ್ರೆ ಮಾಡೋಕೆ ಬೇರೆಯವ್ರಿದ್ದಾರೆ ಚಿಕ್ಕಮ್ಮ. ನಮ್ಮ ಹಿರಿಯರೊಬ್ಬರು. ಅವ್ರ ಪಕ್ಕ ನಿಂತ್ರೆ ಹೋಮ್‌ವರ್ಕ್ ಮಾಡದೆ ಸ್ಕೂಲಿಗೆ ಹೋದ ಹಾಗಾಗುತ್ತೆ ನಂಗೆ. ಕ್ಯಾಮೆರಾ ನನ್ನ ಮೇಲಿರುತ್ತೆ, ನೋಡೋರು ಅವ್ರನ್ನ ನೋಡ್ತಾರೆ. ಬಹಳ ಹೊಟ್ಟೆಕಿಚ್ಚು ಪಟ್ಟಿದ್ದೀನಿ."

ಮಾಲ್ಸೂನಳ ಕೈ ಅಲ್ಲೇ ನಿಂತಿತು. ಮೂವತ್ತು ವರ್ಷದಲ್ಲಿ ಪತ್ರಿಕೆಯವರು ಬರೆದದ್ದು, ವೇದಿಕೆಯ ಮೇಲೆ ಹೇಳಿದ್ದು ಎಲ್ಲವನ್ನೂ ಒಟ್ಟು ಸೇರಿಸಿದರೂ ಈ ಮಾತಿನ ತೂಕ ಬರುವುದಿಲ್ಲ ಎನಿಸಿತು. ಜೊತೆಗೆ ಇನ್ನೊಂದೂ ಎನಿಸಿತು. ಈ ಬೆನ್ನು ಈಗ ತನ್ನ ಕೈಯ ಕೆಳಗಿದೆ. ಎರಡು ಸಲ ಜೋರಾಗಿ ಎಳೆದರೆ ಸಾಕು, ಈ ಕೆಲಸವೂ ಬೇಡ ಈ ಸಿನಿಮಾವೂ ಬೇಡ ಎಂದು ಟವೆಲ್ಲು ಸುತ್ತಿಕೊಂಡು ಓಡುತ್ತಾಳೆ. ಪಾತ್ರ ಸೀದಾ ಮನೆಗೆ ಬರುತ್ತದೆ.

ಅವಳು ನಿಜಕ್ಕೂ ಕೈಗವಸನ್ನು ಬಿಗಿ ಮಾಡಿಕೊಂಡಳು. ಆದರೆ ಕೈ ತಾನು ಕಲಿತ ಹಾಗೆಯೇ ಹೋಯಿತು, ಅಂಗೈ ಪೂರ್ತಿ ಕೂತು, ಹೆಗಲಿನಿಂದ ಸೊಂಟದವರೆಗೆ. ಹ್ಯೇರಿನಳ ಬೆನ್ನು ಸಡಿಲಾಗಿ ಮೇಜಿಗೆ ಹರಡಿಕೊಂಡಿತು. ಥೂ ನನ್ನ ಕೈಯೇ ಎಂದು ಮಾಲ್ಸೂನ್ ಮನಸ್ಸಿನಲ್ಲೇ ಬೈದುಕೊಂಡು, ಮಗ್ಗುಲು ಬದಲಿಸಲು ಪಟಪಟನೆ ಎರಡು ಏಟು ಕೊಟ್ಟಳು. ಸಿಟ್ಟಿಗೆ ಎರಡನೆಯದು ಕೊಂಚ ಬಿಗಿಯಾಗಿಯೇ ಬಿತ್ತು.

ಹ್ಯೇರಿನ್ ತಿರುಗಲಿಲ್ಲ. ನಿಧಾನವಾಗಿ ತಲೆಯೆತ್ತಿದಳು.

"ಈ ಏಟು ನಂಗೆ ಗೊತ್ತು."

ಗೊತ್ತಿರಲೇಬೇಕು. ಅತ್ತೆಯಾಗಿದ್ದ ಸಿನಿಮಾದಲ್ಲಿ ಕೆನ್ನೆಗೆ ಹೊಡೆಯುವ ದೃಶ್ಯ ಸರಿಬರದೆ ಬೆಳಗಿನಿಂದ ಮಧ್ಯಾಹ್ನದವರೆಗೆ ಟೇಕ್ ಮೇಲೆ ಟೇಕ್ ತೆಗೆದಿದ್ದರು. ಕಣ್ಣು ಮರೆತದ್ದನ್ನು ಚರ್ಮ ನೆನಪಿಟ್ಟುಕೊಂಡಿತ್ತು. ಹ್ಯೇರಿನ್ ಎದ್ದು ಕೂತು ಮಾಲ್ಸೂನಳ ಮುಖಕ್ಕೆ ಅಂಟಿದ್ದ ಕೂದಲನ್ನು ಬೆರಳಿನಿಂದ ಸರಿಸಿ ನೋಡಿದಳು. ನೋಡಿ, ಟವೆಲ್ಲು ಜಾರಿದ್ದರ ಪರಿವೆಯಿಲ್ಲದೆ ಮೇಜಿನಿಂದ ಇಳಿದು, ಬರಿಮೈಯಲ್ಲೇ ಸೊಂಟ ಮುರಿಯುವಷ್ಟು ಬಗ್ಗಿ ನಮಸ್ಕರಿಸಿದಳು.

"ಪ್ಯೊ ಮಾಲ್ಸೂನ್ ಮೇಡಂ."

ಈ ಹೆಸರು ಟೈಲ್ಸಿನ ಗೋಡೆಗಳಿಗೆಲ್ಲ ಬಡಿದು ಮೊಳಗಿತು. ತೊಟ್ಟಿಯಲ್ಲಿದ್ದ ಒಬ್ಬಳು, ಪ್ಯೊ ಮಾಲ್ಸೂನ್ ಅಂದ್ರೆ ಆ ಅತ್ತೆ ಅಲ್ವಾ ಎಂದಳು. ಆಮೇಲೆ ನಡೆದದ್ದನ್ನು ಬುಪ್ಯೊಂಗಿನ ಮಾರುಕಟ್ಟೆಯಲ್ಲಿ ಈಗಲೂ ಹೇಳುತ್ತಾರೆ. ಹೆಂಗಸರು ಬಿಸಿನೀರಿನಿಂದ ಎದ್ದರು, ತಣ್ಣೀರಿನಿಂದ ಎದ್ದರು, ಹಬೆಕೋಣೆಯಿಂದ ಬೆಂದ ಗೆಣಸಿನ ಹಾಗೆ ಕೆಂಪಾದವರು ಹೊರಬಂದರು. ಪ್ಲಾಸ್ಟಿಕ್ ಬೋಗುಣಿ ಹಿಡಿದು ಎಲ್ಲರೂ ಮಾಲ್ಸೂನಳ ಸುತ್ತ ನಿಂತರು. ತಾರೆಯನ್ನು ಯಾರೂ ತಿರುಗಿ ನೋಡಲಿಲ್ಲ. ಎಳ್ಳೆಣ್ಣೆ ಅಜ್ಜಿ ಗುಂಪನ್ನು ಸೀಳಿಕೊಂಡು ಮುಂದೆ ಬಂದು, ಮೂಗಿಗೆ ಮೂಗು ತಾಗುವಷ್ಟು ಹತ್ತಿರದಿಂದ ಪರೀಕ್ಷಿಸಿದಳು.

"ಆ ಸಾರು ಯಾಕೆ ಚೆಲ್ದೆ?"

ಬೇರೆ ಯಾರಾದರೂ ಆಗಿದ್ದರೆ ಚಿತ್ರಕತೆಯಲ್ಲಿ ಹಾಗಿತ್ತು ಎನ್ನುತ್ತಿದ್ದರು. ಮಾಲ್ಸೂನ್ ಒದ್ದೆ ಟವೆಲ್ಲನ್ನು ರೇಷ್ಮೆ ಶಾಲಿನ ಹಾಗೆ ಹೆಗಲಿಗೆ ಹಾಕಿದಳು. ಗಲ್ಲ ಎತ್ತಿದಳು. ಮೂಗಿನಿಂದ ಆ ತೆಳ್ಳನೆಯ ದನಿ ಹೊರಬಂತು.

"ನಮ್ಮ ಮನೆ ನಾಯಿದೂ ಅವತ್ತೇ ಹುಟ್ಟಿದಹಬ್ಬ ಇತ್ತು."

ಅಜ್ಜಿಯೇ ಮೊದಲು ನಕ್ಕಳು, ನಕ್ಕು ನಕ್ಕು ಮೇಜಿನ ಅಂಚು ಹಿಡಿದುಕೊಂಡಳು. ಬೋಗುಣಿಗಳು ನೆಲಕ್ಕೆ ಬಿದ್ದು ಉರುಳಿದವು. ಯಾರೋ ನೀರು ಎರಚಿದರು, ಇನ್ಯಾರೋ ಅಪ್ಪಿಕೊಂಡರು, ನನ್ನನ್ನು ಸೊಸೆ ಅಂದುಕೊಂಡು ಒಂದು ಬೈಗುಳ ಬೈಯಿ ಎಂದು ಒಬ್ಬಳು ದುಂಬಾಲು ಬಿದ್ದಳು. ಮಾಲ್ಸೂನ್ ಸರದಿಯಂತೆ ಎಲ್ಲರನ್ನೂ ಬೈದಳು. ಅಜ್ಜಿ ತಾನು ಹೇಳಿದ ಮಾತು ಉಳಿಸಿಕೊಳ್ಳಬೇಕೆಂದು ಅವಳನ್ನು ಮೇಜಿನ ಮೇಲೆ ಮಲಗಿಸಿ ಉಪ್ಪಿಲ್ಲದೆಯೇ ನಾಲ್ಕು ಸಲ ಉಜ್ಜಿ, ಹ್ಞಾಂ, ಈಗ ಸಮಾಧಾನ ಎಂದಳು.

ಕ್ವಾಕ್ ಅಕ್ಕ ಮಾತ್ರ ಸೊಂಟಕ್ಕೆ ಕೈಯಿಟ್ಟು ಬಾಗಿಲಲ್ಲಿ ನಿಂತಿದ್ದಳು. "ಹಾಗಾದ್ರೆ ನಿನ್ನ ಗಂಡನ ವ್ಯಾಪಾರ ಮುಳುಗಿಲ್ವಾ?"

"ಅವ್ರು ವ್ಯಾಪಾರನೇ ಮಾಡಲ್ಲ ಅಕ್ಕ. ಬಸ್ ಓಡಿಸ್ತಿದ್ರು, ಈಗ ಪೆನ್ಶನ್ ಬರುತ್ತೆ."

"ನನ್ನ ಮೊಟ್ಟೆ ಎಲ್ಲಾ ತಿಂದ್ಯಲ್ಲೇ," ಎಂದಳು ಕ್ವಾಕ್ ಅಕ್ಕ. ಆದರೆ ಕೊನೆಗೆ ಅವಳೂ ತಡೆಯಲಾರದೆ ನಕ್ಕಳು.

ಗಲಾಟೆ ತಣ್ಣಗಾದ ಮೇಲೆ ಹ್ಯೇರಿನ್ ಮತ್ತು ಮಾಲ್ಸೂನ್ ಹಾಲಿನ ಮರದ ಮಂಚದ ಮೇಲೆ ಟವೆಲ್ಲು ಸುತ್ತಿಕೊಂಡು ಕೂತು, ಐಸು ತೇಲುವ ಸಿಹಿ ಅಕ್ಕಿಪಾನಕ ಕುಡಿದರು. ಹ್ಯೇರಿನ್ ತಳದ ಅನ್ನದ ಅಗುಳನ್ನೂ ಚಮಚದಲ್ಲಿ ಎತ್ತಿ ತಿಂದಳು.

"ಬೇಜಾರು ಮಾಡ್ಕೋಬೇಡಿ ಅಕ್ಕ, ಒಂದು ವಿಷಯ ಹೇಳ್ತೀನಿ," ಎಂದಳು. "ಸೋರಾ ನಿಮ್ಮ ಹೆಸರೇ ಹಿಡ್ಕೊಂಡು ಕೂತಿದ್ಲಂತೆ. ಹಣ ಹಾಕೋರೂ ಬೇಡ ಅನ್ಲಿಲ್ಲ. ಅವ್ರು ನಾಯಕಿಯಾಗಿ ಹೇಗಿರ್ತಾರೆ, ಒಂದ್ಸಲ ಕ್ಯಾಮೆರಾ ಟೆಸ್ಟ್ ತೆಗೆದು ತೋರ್ಸಿ ಅಂದ್ರು, ಅಷ್ಟೆ. ಅಷ್ಟು ಹಿರಿಯರನ್ನ ಟೆಸ್ಟ್‌ಗೆ ಬನ್ನಿ ಅನ್ನೋದು ಹೇಗೆ? ಯಾರಿಗೂ ಬಾಯಿ ಬರ್ಲಿಲ್ಲ. ಅದಕ್ಕೇ ನನ್ನ ಹತ್ರ ಬಂದ್ರು."

ಮಾಲ್ಸೂನ್ ಲೋಟವನ್ನು ಹಾಗೇ ಹಿಡಿದುಕೊಂಡಳು. ಕಳೆದ ಹತ್ತು ಹದಿನೈದು ವರ್ಷಗಳು ಕಣ್ಣ ಮುಂದೆ ಸಾಲಾಗಿ ಬಂದು ನಿಂತು ನಮಸ್ಕರಿಸಿದ ಹಾಗಾಯಿತು. ಸೆಟ್ಟಿಗೆ ಹೋದರೆ ಎಲ್ಲರೂ ಎದ್ದು ನಿಲ್ಲುತ್ತಿದ್ದರು. ಮೇಡಂಗೆ ಕುರ್ಚಿ, ಮೇಡಂಗೆ ಕಂಬಳಿ, ಮೇಡಂಗೆ ಮೊದಲು ಊಟ. ವರ್ಷ ವರ್ಷಕ್ಕೆ ನಮಸ್ಕಾರ ಆಳವಾಗುತ್ತಾ ಹೋಯಿತು, ಪಾತ್ರ ಚಿಕ್ಕದಾಗುತ್ತಾ ಹೋಯಿತು. ಇಷ್ಟೊಂದು ಬಗ್ಗಿದ ಬೆನ್ನುಗಳ ಆಚೆ ಬಾಗಿಲು ತೆರೆದೇ ಇತ್ತೇನೋ, ಇವಳಿಗೆ ಕಾಣಲಿಲ್ಲ. ಅವರದೊಂದೇ ತಪ್ಪಲ್ಲ. ಸೋರಾ ಬಂದು, ಟೆಸ್ಟ್ ಕೊಡಿ ಮೇಡಂ ಎಂದಿದ್ದರೆ ತಾನೇ ಮುಖ ಊದಿಸಿಕೊಂಡು ಪೇರು ಹಣ್ಣಿನ ಬುಟ್ಟಿಯನ್ನು ವಾಪಸು ಕಳಿಸುತ್ತಿದ್ದಳು. ಅದು ಅವಳಿಗೆ ಚೆನ್ನಾಗಿ ಗೊತ್ತಿತ್ತು.

ನಗು ಬಂದುಬಿಟ್ಟಿತು. ಪಾನಕ ಮೂಗಿಗೇರಿ, ಕೆಮ್ಮಿ, ಕಣ್ಣಲ್ಲಿ ನೀರು ಬಂದು, ಮತ್ತೆ ನಕ್ಕಳು. ಹ್ಯೇರಿನ್ ಅವಳ ಬೆನ್ನು ತಟ್ಟಿದಳು.

"ನಿಮಗೆ ಬೇಕು ಅನ್ನಿ ಅಕ್ಕ. ನಾನು ಈಗ್ಲೇ ಫೋನ್ ಮಾಡಿ ಬಿಟ್ಟುಬಿಡ್ತೀನಿ. ನಿಜವಾಗ್ಲೂ."

ಅಯ್ಯೋ ಬೇಡಮ್ಮ, ನೀನೇ ಮಾಡು ಎನ್ನುವ ಮಾತು ನಾಲಿಗೆಯ ತುದಿಗೆ ಬಂದು ನಿಂತಿತ್ತು. ಮಾಲ್ಸೂನ್ ಅದನ್ನು ನುಂಗಿದಳು. ಬೇಕು ಎಂದೂ ಹೇಳಲಿಲ್ಲ. ಯಾರೋ ಬಿಟ್ಟುಕೊಟ್ಟ ಪಾತ್ರವೆಂದರೆ ಅದೂ ಮತ್ತೆ ನಾಯಕಿಯ ಪಕ್ಕದ ಜಾಗವೇ.

"ನನಗೋಸ್ಕರ ಬಿಡ್ಬೇಡ," ಎಂದಳು. "ನಿಂಗೆ ಬೇಡ ಅನ್ಸಿದ್ರೆ ಬಿಡು. ಬೇಕಿದ್ರೆ ಬಾ, ಉಜ್ಜೋದು ಹೇಗೆ ಅಂತ ಹೇಳ್ಕೊಡ್ತೀನಿ. ನಿನ್ನ ತೋಳಲ್ಲಿ ಶಕ್ತಿನೇ ಇಲ್ಲ, ಮೊದ್ಲು ಅನ್ನ ತಿನ್ನು."

ಹ್ಯೇರಿನ್ ನಕ್ಕಳು. ಬಟ್ಟೆ ಹಾಕಿಕೊಳ್ಳುತ್ತಾ, ಶನಿವಾರ ಬೆಳಿಗ್ಗೆ ಸ್ನಾನದ ಮನೆಯ ಹೆಂಗಸರ ಸಣ್ಣ ಪಾತ್ರಗಳಿಗೆ ಯಾರು ಬೇಕಾದರೂ ಬರಬಹುದಾದ ಆಡಿಷನ್ ಇದೆಯೆಂದೂ, ಅಲ್ಲಿ ಹಣ ಹಾಕುವವರೂ ಬಂದು ಕೂರುತ್ತಾರೆಂದೂ, ಸಂಜೆ ತನ್ನ ಉತ್ತರ ಕೇಳಲು ಅವರೆಲ್ಲ ಕಾಯುತ್ತಿರುತ್ತಾರೆಂದೂ ಮಾತಿಗೆ ಮಾತು ಸೇರಿಸಿ ಹೇಳಿದಳು. ಕನ್ನಡಕ ಹಾಕಿಕೊಳ್ಳುವುದನ್ನು ಮರೆತು ಹೋದಳು. ಬೀದಿಯಲ್ಲಿ ಜನ ಮುತ್ತಿಕೊಂಡ ಸದ್ದು ಒಳಗೂ ಕೇಳಿಸಿತು.

ಮೇಜಿನ ಬಳಿ ಮುಂದಿನ ಗಿರಾಕಿ ಆಗಲೇ ಮಲಗಿದ್ದಳು. ಕ್ವಾಕ್ ಅಕ್ಕ ಬಕೆಟ್ಟಿಗೆ ಬಿಸಿನೀರು ತುಂಬಿಸಿ ಇಟ್ಟು, ಬೇರೆ ಕಡೆ ನೋಡುತ್ತಾ ಕೇಳಿದಳು. "ಇನ್ನು ನೀನು ಬರಲ್ಲ ಅಲ್ವಾ?"

"ಯಾಕೆ ಬರಲ್ಲ? ಶನಿವಾರ ಬೆಳಿಗ್ಗೆ ಮಾತ್ರ ಬಿಡುವು ಬೇಕು ಅಕ್ಕ."

"ಶೂಟಿಂಗಾ?"

"ಡಾಕ್ಟರಿಗೆ ಹಲ್ಲು ತೋರಿಸ್ಬೇಕು," ಎಂದಳು ಮಾಲ್ಸೂನ್.

ಕೈಗವಸನ್ನು ಹಿಂಡಿ ಹಾಕಿಕೊಂಡಳು. ಶನಿವಾರ ಆಡಿಷನ್ನಿನ ಸಾಲಿನಲ್ಲಿ ಬೇರೆ ಹೆಂಗಸರ ಜೊತೆ ನಿಲ್ಲಬೇಕು. ಎದೆಗೆ ನಂಬರು ಅಂಟಿಸುತ್ತಾರೆ, ಅಂಟಿಸಲಿ. ಈ ತುರುಬು ಸಾಕು, ಮುಖ ತೊಳೆದುಕೊಂಡು ಹೋದರಾಯಿತು. ಸೋರಾ ಗಾಬರಿಯಾಗಿ ಎದ್ದು ಬಗ್ಗುವ ಮುಂಚೆಯೇ ಮೇಜಿನ ಮುಂದೆ ಹೋಗಿ ನಿಂತು, ಯಾವ ಪಾತ್ರಕ್ಕೆ ಬಂದಿರಿ ಎಂದು ಕೇಳಿದಾಗ, ನಾಯಕಿಯ ಪಾತ್ರಕ್ಕೆ ಎಂದು ಹೇಳಬೇಕು. ಬಾಯಿಬಿಟ್ಟು, ಎಲ್ಲರಿಗೂ ಕೇಳುವ ಹಾಗೆ. ಗಂಡನಿಗೂ ಹೇಳುವುದಿಲ್ಲ, ಸೋರಾಳಿಗಂತೂ ಇಲ್ಲವೇ ಇಲ್ಲ.

"ಯಾಕಮ್ಮಾ ಒಬ್ಬಳೇ ನಗ್ತಿದ್ದೀಯ?" ಎಂದಳು ಮಲಗಿದ್ದವಳು.

"ಏನಿಲ್ಲ," ಎಂದು ಮಾಲ್ಸೂನ್ ಅವಳ ಹೆಗಲಿನ ಮೇಲೆ ಅಂಗೈಯಿಟ್ಟಳು.